ಶಿನಿಚಿ ಸೆಕಿಜಾವಾ

ಶಿನಿಚಿ ಸೆಕಿಜಾವಾ (ಜೂನ್ 2, 1920 – ನವೆಂಬರ್ 19, 1992) ಜಪಾನಿನ ಚಿತ್ರಕಥೆಗಾರರು ಹಾಗೂ ಗೀತರಚನಕಾರರು. ತೋಹೊ ಚಿತ್ರನಿರ್ಮಾಣ ಸಂಸ್ಥೆಯು 1950ರ ದಶಕದ ಅಂತ್ಯದಿಂದ 1970ರ ದಶಕದ ಆರಂಭದವರೆಗೆ ತಯಾರಿಸಿದ ದೈತ್ಯಪ್ರಾಣಿ ಚಿತ್ರಗಳು ಮತ್ತು ವೈಜ್ಞಾನಿಕ ಕಾಲ್ಪನಿಕ ಚಿತ್ರಗಳ ಪ್ರಮುಖ ಲೇಖಕರಲ್ಲಿ ಇವರೂ ಒಬ್ಬರು. 'ಮೋತ್ರಾ' (1961), 'ಕಿಂಗ್ ಕಾಂಗ್ ವಿರುದ್ಧ ಗಾಡ್ಜಿಲ್ಲಾ' (1962), 'ಮೋತ್ರಾ ವಿರುದ್ಧ ಗಾಡ್ಜಿಲ್ಲಾ' (1964) ಮತ್ತು 'ಮೂರು ತಲೆಯ ದೈತ್ಯ ಘಿಡೋರಾ' (1964) ಇವರ ಪ್ರಸಿದ್ಧ ಕೃತಿಗಳು. 1954ರಿಂದ 1975ರವರೆಗೆ ತೆರೆಕಂಡ ಗಾಡ್ಜಿಲ್ಲಾ ಸರಣಿಯ 15 ಚಿತ್ರಗಳಲ್ಲಿ 8ಕ್ಕೆ ಚಿತ್ರಕಥೆಯನ್ನೂ ಇನ್ನೆರಡಕ್ಕೆ ಮೂಲಕಥೆಯನ್ನೂ ಒದಗಿಸಿದವರು ಸೆಕಿಜಾವಾ. ಅಣುಬಾಂಬಿನ ಭೀತಿಯ ಸಂಕೇತವಾಗಿ ಹುಟ್ಟಿದ ಗಾಡ್ಜಿಲ್ಲಾವನ್ನು ಇಡೀ ಕುಟುಂಬ ಒಟ್ಟಿಗೆ ಕುಳಿತು ನೋಡುವ ಮನರಂಜನೆಯ ಪಾತ್ರವಾಗಿ ಬೆಳೆಸಿದವರಲ್ಲಿ ಇವರು ಮುಖ್ಯರು. ಆದರೆ ಆ ಮನರಂಜನೆಯ ಒಳಗೆ ಹಣದಾಸೆ, ಜಾಹೀರಾತಿನ ಹುಚ್ಚು, ಯುದ್ಧದ ಹಠ ಮತ್ತು ಕೈಗಾರಿಕಾ ಮಾಲಿನ್ಯದ ವಿಡಂಬನೆಯನ್ನು ಇವರು ನಿರಂತರವಾಗಿ ಉಳಿಸಿಕೊಂಡು ಬಂದರು.

ಆರಂಭಿಕ ಜೀವನ

ಸೆಕಿಜಾವಾ ಅವರು ಜಪಾನಿನ ಹಳೆಯ ರಾಜಧಾನಿಯಾದ ಕ್ಯೋಟೋ ನಗರದಲ್ಲಿ ಜನಿಸಿದರು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಸೈನ್ಯಕ್ಕೆ ಸೇರಬೇಕಾಗಿ ಬಂದು, ದಕ್ಷಿಣ ಪೆಸಿಫಿಕ್ ಪ್ರದೇಶದಲ್ಲಿ ಸೇವೆ ಸಲ್ಲಿಸಿದರು. ಮುಂದೆ ಇವರು ಬರೆದ ಕಥೆಗಳಲ್ಲಿ ದಕ್ಷಿಣ ಸಮುದ್ರದ ದ್ವೀಪಗಳೂ, ಯುದ್ಧ ಮುಗಿದ ನಂತರವೂ ಯುದ್ಧದಿಂದ ಹೊರಬರಲಾರದ ಸೈನಿಕರೂ ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತಾರೆ.

ಯುದ್ಧಾನಂತರ ಸ್ವದೇಶಕ್ಕೆ ಮರಳಿದ ಸೆಕಿಜಾವಾ, ನಿರ್ದೇಶಕ ಹಿರೋಶಿ ಶಿಮಿಜು ಅವರ ಬಳಗದಲ್ಲಿ ಚಿತ್ರನಿರ್ಮಾಣದ ಕೆಲಸ ಕಲಿತರು. ಮಕ್ಕಳ ಬದುಕನ್ನು ಸಹಜವಾಗಿ ಚಿತ್ರಿಸುವುದರಲ್ಲಿ ಶಿಮಿಜು ಹೆಸರಾದವರು. ಯುದ್ಧದಲ್ಲಿ ತಂದೆತಾಯಿಯರನ್ನು ಕಳೆದುಕೊಂಡು ತಮ್ಮ ಆಶ್ರಯದಲ್ಲಿದ್ದ ಮಕ್ಕಳನ್ನೇ ಪಾತ್ರಧಾರಿಗಳನ್ನಾಗಿ ಮಾಡಿಕೊಂಡು ಅವರು 1948ರಲ್ಲಿ 'ಜೇನುಗೂಡಿನ ಮಕ್ಕಳು' ಎಂಬ ಚಿತ್ರವನ್ನು ನಿರ್ಮಿಸಿದರು. ದೊಡ್ಡ ಸಂಸ್ಥೆಗಳ ಸ್ಟುಡಿಯೋ ವ್ಯವಸ್ಥೆಯ ಹೊರಗೆ, ತೆರೆದ ಬಯಲಿನಲ್ಲಿ ಚಿತ್ರೀಕರಣಗೊಂಡ ಈ ಚಿತ್ರದಲ್ಲಿ ಸೆಕಿಜಾವಾ ಸಹಾಯಕ ನಿರ್ದೇಶಕರಾಗಿದ್ದರು.

1956ರಲ್ಲಿ 'ಹಾರುವ ತಟ್ಟೆಗಳ ಭೀಕರ ದಾಳಿ' ಎಂಬ ಅರ್ಥದ ಹೆಸರಿನ ವೈಜ್ಞಾನಿಕ ಕಾಲ್ಪನಿಕ ಚಿತ್ರವನ್ನು ಸೆಕಿಜಾವಾ ನಿರ್ದೇಶಿಸಿದರು. ಆದರೆ ಇವರ ಹೆಸರು ನೆಲೆಗೊಂಡದ್ದು ನಿರ್ದೇಶಕರಾಗಿ ಅಲ್ಲ, ಬರಹಗಾರರಾಗಿ.

ತೋಹೊ ಸಂಸ್ಥೆಯಲ್ಲಿ

ಸೆಕಿಜಾವಾ ತೋಹೊ ಸಂಸ್ಥೆಗೆ ಬರೆಯತೊಡಗುವ ವೇಳೆಗೆ ದೈತ್ಯಪ್ರಾಣಿ ಚಿತ್ರಗಳ ಪ್ರಕಾರ ಅಲ್ಲಿ ರೂಪುಗೊಂಡಿತ್ತು. 1954ರ ಮಾರ್ಚ್ ತಿಂಗಳಲ್ಲಿ ಬಿಕಿನಿ ಹವಳದ್ವೀಪದಲ್ಲಿ ಅಮೆರಿಕವು ನಡೆಸಿದ ಜಲಜನಕ ಬಾಂಬಿನ ಪರೀಕ್ಷೆಯಿಂದ ಜಪಾನಿನ ಮೀನುಗಾರಿಕಾ ದೋಣಿಯೊಂದರ ಮೇಲೆ ವಿಕಿರಣಯುಕ್ತ ಬೂದಿ ಬಿದ್ದಿತು. ಅದೇ ವರ್ಷದ ನವೆಂಬರ್ 3ರಂದು ತೆರೆಗೆ ಬಂದ 'ಗಾಡ್ಜಿಲ್ಲಾ' ಚಿತ್ರವು ಆ ಘಟನೆಯ ನೆರಳಿನಲ್ಲಿ ಹುಟ್ಟಿದ್ದು. ನಿರ್ಮಾಪಕ ತೊಮೊಯುಕಿ ತನಾಕಾ, ನಿರ್ದೇಶಕ ಇಶಿರೋ ಹೊಂಡಾ, ವಿಶೇಷ ದೃಶ್ಯಪರಿಣಾಮಗಳ ನಿರ್ದೇಶಕ ಎಯ್‌ಜಿ ತ್ಸುಬುರಾಯಾ ಮತ್ತು ಸಂಗೀತ ನಿರ್ದೇಶಕ ಅಕಿರಾ ಇಫುಕುಬೆ ಈ ಚಿತ್ರದ ಹಿಂದಿನ ನಾಲ್ವರು ಪ್ರಮುಖರು. ಹೊಂಡಾ ಅವರೊಡನೆ ತಕೆಓ ಮುರಾತಾ ಇದರ ಚಿತ್ರಕಥೆಯನ್ನು ಬರೆದಿದ್ದರು.

ಈ ತಂಡಕ್ಕಾಗಿ ಸೆಕಿಜಾವಾ ಬರೆದ ಮೊದಲ ದೈತ್ಯಪ್ರಾಣಿ ಚಿತ್ರ 'ವರಾನ್' (1958). ಕೆನ್ ಕುರೊನುಮಾ ಅವರ ಕಥೆಯನ್ನು ಆಧರಿಸಿದ ಇದನ್ನು ಮೊದಲಿಗೆ ಅಮೆರಿಕದ ದೂರದರ್ಶನಕ್ಕಾಗಿ ಯೋಜಿಸಲಾಗಿತ್ತು. ಮರುವರ್ಷ ಜೊಜಿರೋ ಒಕಾಮಿ ಅವರ ಕಥೆಯನ್ನು ಆಧರಿಸಿ 'ಅಂತರಿಕ್ಷದ ಮಹಾಯುದ್ಧ' (1959) ಚಿತ್ರವನ್ನು ಬರೆದರು. ಚಂದ್ರನ ಮೇಲೆ ನೆಲೆಯೂರಿದ ಅನ್ಯಗ್ರಹವಾಸಿಗಳನ್ನು ಭೂಮಿಯ ಎಲ್ಲ ರಾಷ್ಟ್ರಗಳು ಒಟ್ಟಾಗಿ ಎದುರಿಸುವುದು ಇದರ ವಸ್ತು. ಜುನ್ ಫುಕುದಾ ನಿರ್ದೇಶಿಸಿದ 'ವಿದ್ಯುತ್ ಪ್ರಸಾರದ ಮನುಷ್ಯ' (1960) ಚಿತ್ರದಲ್ಲಿ, ಯುದ್ಧಕಾಲದಲ್ಲಿ ತನಗೆ ದ್ರೋಹ ಬಗೆದ ಸಹಸೈನಿಕರ ಮೇಲೆ ಸೇಡು ತೀರಿಸಿಕೊಳ್ಳಲು ಒಬ್ಬ ಸೈನಿಕನು ದೇಹವನ್ನೇ ಒಂದೆಡೆಯಿಂದ ಇನ್ನೊಂದೆಡೆಗೆ ರವಾನಿಸುವ ಯಂತ್ರವನ್ನು ಬಳಸುತ್ತಾನೆ.

ಇದೇ ಅವಧಿಯಲ್ಲಿ ನಿರ್ದೇಶಕ ಕಿಹಾಚಿ ಒಕಾಮೊಟೊ ಅವರಿಗಾಗಿ ಸೆಕಿಜಾವಾ ಅಪರಾಧ ಚಿತ್ರಗಳನ್ನೂ ಬರೆದರು. ತೊಶಿರೋ ಮಿಫುನೆ ನಟಿಸಿದ 'ಭೂಗತ ಲೋಕದ ಮುಖಾಮುಖಿ' (1960) ಅವುಗಳಲ್ಲಿ ಒಂದು. ಒಕಾಮೊಟೊ ಅವರೊಡನೆ ಸೇರಿ ಬರೆದ 'ಪಶ್ಚಿಮದತ್ತ ಸ್ವತಂತ್ರ ಪುಂಡರ ಪಡೆ' (1960) ಚೀನಾದ ಯುದ್ಧಭೂಮಿಯಲ್ಲಿ ನಡೆಯುವ ಹಾಸ್ಯಮಿಶ್ರಿತ ಕಥೆ. ಕಳೆದುಹೋದ ಸೇನಾಧ್ವಜವೊಂದನ್ನು ಹುಡುಕಲು ಸೈನಿಕರ ಜೀವವನ್ನು ಪಣಕ್ಕಿಡುವ ವ್ಯವಸ್ಥೆಯನ್ನು ಇದು ಗೇಲಿ ಮಾಡುತ್ತದೆ. ಚುರುಕಾದ ಸಂಭಾಷಣೆ ಮತ್ತು ವೇಗವಾಗಿ ಸಾಗುವ ದೃಶ್ಯಗಳು ಇವರ ದೈತ್ಯಪ್ರಾಣಿ ಚಿತ್ರಗಳಲ್ಲಿಯೂ ಎದ್ದು ಕಾಣುವ ಗುಣಗಳಾಗಿವೆ.

ಮೋತ್ರಾ

1961ರ ಜುಲೈ 30ರಂದು ತೆರೆಕಂಡ 'ಮೋತ್ರಾ' ಸೆಕಿಜಾವಾ ಅವರ ವೃತ್ತಿಜೀವನದ ತಿರುವು. ನಿರ್ಮಾಪಕ ತನಾಕಾ ಈ ಕಥೆಗಾಗಿ ಶಿನಿಚಿರೋ ನಕಾಮುರಾ, ತಕೆಹಿಕೊ ಫುಕುನಾಗಾ ಮತ್ತು ಯೊಶಿಎ ಹೊತ್ತಾ ಎಂಬ ಮೂವರು ಗಂಭೀರ ಸಾಹಿತಿಗಳನ್ನು ಕೇಳಿಕೊಂಡಿದ್ದರು. ಮೂವರೂ ಒಂದೊಂದು ಭಾಗವನ್ನು ಬರೆದ ಈ ಕಥೆಯು 1961ರ ಜನವರಿಯಲ್ಲಿ 'ಶುಕಾನ್ ಅಸಾಹಿ' ವಾರಪತ್ರಿಕೆಯ ವಿಶೇಷ ಸಂಚಿಕೆಯಲ್ಲಿ ಪ್ರಕಟವಾಯಿತು. ಹಿಂದಿನ ವರ್ಷವಷ್ಟೇ ಜಪಾನ್–ಅಮೆರಿಕ ಭದ್ರತಾ ಒಪ್ಪಂದದ ವಿರುದ್ಧ ಟೋಕಿಯೋ ನಗರದ ಬೀದಿಗಳಲ್ಲಿ ಭಾರೀ ಪ್ರತಿಭಟನೆಗಳು ನಡೆದಿದ್ದವು. ಅದರ ಛಾಯೆ ಮೂಲಕಥೆಯ ಮೇಲೆ ಬಿದ್ದಿತ್ತು. ಅದರಲ್ಲಿ ಮೋತ್ರಾ ಎಂಬ ಬೃಹತ್ ಹುಳು ತನ್ನ ಗೂಡನ್ನು ಹೆಣೆಯುವುದು ಸಂಸತ್ ಭವನದ ಮೇಲೆ.

ಈ ಕಥೆಯನ್ನು ಚಿತ್ರಕ್ಕೆ ಅಳವಡಿಸುವ ಹೊಣೆ ಸೆಕಿಜಾವಾ ಅವರದಾಯಿತು. ಗೂಡು ಸಂಸತ್ ಭವನದಿಂದ ಟೋಕಿಯೋ ಗೋಪುರಕ್ಕೆ ಸ್ಥಳಾಂತರವಾಯಿತು. 1958ರಲ್ಲಿ ಪೂರ್ಣಗೊಂಡ ಆ ಗೋಪುರವು ಹೊಸ ಜಪಾನಿನ ಆರ್ಥಿಕ ಏಳಿಗೆಯ ಗುರುತಾಗಿತ್ತು. ರಾಜಕೀಯ ಚರ್ಚೆಯ ಭಾರ ಕಡಿಮೆಯಾಗಿ ಕಥೆಗೆ ಸಾಹಸ ಮತ್ತು ಹಾಸ್ಯದ ಲವಲವಿಕೆ ಬಂದಿತು. ಆದರೂ ಮೂಲದ ಆಕ್ಷೇಪ ಅಳಿಸಿಹೋಗಲಿಲ್ಲ. ಅಣುಪರೀಕ್ಷೆಗೆ ಗುರಿಯಾದ ಇನ್‌ಫೆಂಟ್ ದ್ವೀಪದ ಬಳಿ ಹಡಗೊಂದು ಮುಳುಗುತ್ತದೆ. ಬದುಕುಳಿದ ನಾವಿಕರಲ್ಲಿ ವಿಕಿರಣದ ರೋಗಲಕ್ಷಣಗಳೇ ಇಲ್ಲದಿರುವುದನ್ನು ಕಂಡು ಸಂಶೋಧನಾ ತಂಡವೊಂದು ದ್ವೀಪಕ್ಕೆ ಹೋಗುತ್ತದೆ. ನಿರ್ಜನವೆಂದು ಭಾವಿಸಿದ್ದ ಆ ನೆಲದಲ್ಲಿ ಮನುಷ್ಯರಿರುವುದು ತಿಳಿಯುತ್ತದೆ. ತಂಡದ ಮುಖ್ಯಸ್ಥ ನೆಲ್ಸನ್ ಎಂಬಾತ ಅಲ್ಲಿನ ಅಂಗೈಯಗಲದ ಇಬ್ಬರು ಅವಳಿ ಸ್ತ್ರೀಯರನ್ನು ಅಪಹರಿಸಿ ತಂದು, ಟೋಕಿಯೋದ ರಂಗಮಂದಿರದಲ್ಲಿ ಟಿಕೆಟ್ ಮಾರಿ ಪ್ರದರ್ಶಿಸುತ್ತಾನೆ. ಅವರ ಹಾಡಿನ ಕರೆ ಕೇಳಿ ಮೋತ್ರಾ ಸಮುದ್ರ ದಾಟಿ ಬರುತ್ತದೆ.

ನೆಲ್ಸನ್ ರೊಲಿಸಿಕಾ ಎಂಬ ಕಾಲ್ಪನಿಕ ಮಹಾಶಕ್ತಿ ರಾಷ್ಟ್ರದ ಪ್ರಜೆ. ಜಪಾನಿ ಭಾಷೆಯಲ್ಲಿ ರಷ್ಯಾ ಮತ್ತು ಅಮೆರಿಕಗಳ ಹೆಸರುಗಳನ್ನು ಬೆಸೆದು ಆ ಹೆಸರನ್ನು ರೂಪಿಸಲಾಗಿದೆ. ಅವನನ್ನು ಬೆನ್ನಟ್ಟುವ ಪತ್ರಕರ್ತನ ಪಾತ್ರವನ್ನು ಹಾಸ್ಯನಟ ಫ್ರ್ಯಾಂಕಿ ಸಕಾಯ್ ನಿರ್ವಹಿಸಿದರು. ಅವಳಿ ಸ್ತ್ರೀಯರಾಗಿ ಜನಪ್ರಿಯ ಗಾಯಕಿಯರಾದ ಎಮಿ ಮತ್ತು ಯುಮಿ ಇತೊ ಸಹೋದರಿಯರು ನಟಿಸಿದರು. 'ದಿ ಪೀನಟ್ಸ್' ಎಂಬ ಹೆಸರಿನಲ್ಲಿ ಹಾಡುತ್ತಿದ್ದ ಇವರ ಮೋತ್ರಾ ಗೀತೆಗೆ ಯುಜಿ ಕೊಸೆಕಿ ಸಂಗೀತ ನೀಡಿದ್ದರು.

ಅದುವರೆಗಿನ ದೈತ್ಯಪ್ರಾಣಿ ಚಿತ್ರಗಳಲ್ಲಿ ಪ್ರಾಣಿಯ ಸಾವಿನೊಂದಿಗೆ ಅಥವಾ ಸೋಲಿನೊಂದಿಗೆ ಕಥೆ ಮುಗಿಯುವುದು ವಾಡಿಕೆಯಾಗಿತ್ತು. 'ಮೋತ್ರಾ' ಚಿತ್ರದಲ್ಲಿ ಶಸ್ತ್ರಾಸ್ತ್ರಗಳು ವಿಫಲವಾಗುತ್ತವೆ. ಅಪಹೃತ ಸ್ತ್ರೀಯರನ್ನು ಮರಳಿಸಿದಾಗ ಮೋತ್ರಾ ತಾನಾಗಿಯೇ ತನ್ನ ದ್ವೀಪಕ್ಕೆ ಹಿಂದಿರುಗುತ್ತದೆ. ತಪ್ಪು ಪ್ರಾಣಿಯದಲ್ಲ, ಅದನ್ನು ಕೆಣಕಿದ ಮನುಷ್ಯನದು ಎಂಬ ಈ ನಿಲುವು ಇವರ ಮುಂದಿನ ಚಿತ್ರಗಳಿಗೂ ಅಡಿಪಾಯವಾಯಿತು.

ಕಿಂಗ್ ಕಾಂಗ್ ಮತ್ತು ಗಾಡ್ಜಿಲ್ಲಾ

1955ರ ಎರಡನೆಯ ಚಿತ್ರದ ಬಳಿಕ ಗಾಡ್ಜಿಲ್ಲಾ ಏಳು ವರ್ಷ ತೆರೆಯಿಂದ ದೂರವಿತ್ತು. ತೋಹೊ ಸಂಸ್ಥೆಯ 30ನೆಯ ವಾರ್ಷಿಕೋತ್ಸವದ ಅಂಗವಾಗಿ 1962ರ ಆಗಸ್ಟ್ 11ರಂದು 'ಕಿಂಗ್ ಕಾಂಗ್ ವಿರುದ್ಧ ಗಾಡ್ಜಿಲ್ಲಾ' ಬಿಡುಗಡೆಯಾಯಿತು. 1933ರ 'ಕಿಂಗ್ ಕಾಂಗ್' ಚಿತ್ರದ ದೃಶ್ಯಪರಿಣಾಮ ತಜ್ಞ ವಿಲ್ಲಿಸ್ ಒಬ್ರಯನ್ ಅವರ ಕಲ್ಪನೆಯೊಂದು ಅಮೆರಿಕದ ನಿರ್ಮಾಪಕ ಜಾನ್ ಬೆಕ್ ಅವರ ಮೂಲಕ ತೋಹೊ ಸಂಸ್ಥೆಯನ್ನು ತಲುಪಿ, ಬೇರೆಯದೇ ರೂಪ ತಾಳಿತು. ಇಬ್ಬರು ದೈತ್ಯರೂ ವರ್ಣದಲ್ಲಿ ಮತ್ತು ಅಗಲ ತೆರೆಯಲ್ಲಿ ಕಾಣಿಸಿಕೊಂಡದ್ದು ಇದೇ ಮೊದಲು.

ಸೆಕಿಜಾವಾ ಈ ಸಂದರ್ಭವನ್ನು ದೂರದರ್ಶನ ಯುಗದ ವಿಡಂಬನೆಗೆ ಬಳಸಿಕೊಂಡರು. ಔಷಧ ಕಂಪನಿಯೊಂದರ ಜಾಹೀರಾತು ವಿಭಾಗದ ಮುಖ್ಯಸ್ಥ ತಾಕೊ, ತಮ್ಮ ಕಂಪನಿ ಪ್ರಾಯೋಜಿಸುವ ವಿಜ್ಞಾನ ಕಾರ್ಯಕ್ರಮವನ್ನು ಜನ ನೋಡುತ್ತಿಲ್ಲವೆಂದು ಕಂಗಾಲಾಗಿದ್ದಾನೆ. ದಕ್ಷಿಣ ಸಮುದ್ರದ ದ್ವೀಪದಲ್ಲಿ ದೈತ್ಯವಿದೆಯೆಂಬ ಸುದ್ದಿ ಕೇಳಿದ ಕೂಡಲೇ ಅದನ್ನು ಹಿಡಿದು ತರಲು ಇಬ್ಬರು ನೌಕರರನ್ನು ಕಳುಹಿಸುತ್ತಾನೆ. ಕಿಂಗ್ ಕಾಂಗ್ ದೇಶಕ್ಕೆ ಅಪಾಯವೆಂದು ಸರಕಾರ ತಡೆದಾಗಲೂ ಅವನ ಲಕ್ಷ್ಯವೆಲ್ಲ ಪ್ರಚಾರದ ಮೇಲೆ. ಇಚಿರೋ ಅರಿಶಿಮಾ ನಿರ್ವಹಿಸಿದ ಈ ಪಾತ್ರವು ಪ್ರೇಕ್ಷಕರನ್ನು ನಗಿಸಿತು. ಆ ವರ್ಷಗಳಲ್ಲಿ ಜಪಾನಿನ ಮನೆಮನೆಗೂ ದೂರದರ್ಶನ ಬರುತ್ತಿತ್ತು. ಚಿತ್ರಮಂದಿರಗಳು ಪ್ರೇಕ್ಷಕರನ್ನು ಕಳೆದುಕೊಳ್ಳತೊಡಗಿದ್ದವು. ಹೀಗಾಗಿ ಈ ಗೇಲಿ ಚಿತ್ರೋದ್ಯಮದ ಸ್ವಂತ ಆತಂಕಕ್ಕೂ ತಾಗಿಕೊಂಡಿತ್ತು.

ಜಪಾನಿನಲ್ಲಿ ಒಂದು ಕೋಟಿಗೂ ಹೆಚ್ಚು ಮಂದಿ ಚಿತ್ರಮಂದಿರಗಳಲ್ಲಿ ಈ ಚಿತ್ರವನ್ನು ನೋಡಿದರು. 1963ರ ಅಮೆರಿಕದ ಆವೃತ್ತಿಯಲ್ಲಿ ತಾಕೊ ಮತ್ತು ಅವನ ಸಹೋದ್ಯೋಗಿಗಳ ಅನೇಕ ದೃಶ್ಯಗಳನ್ನು ಕತ್ತರಿಸಿ, ಸುದ್ದಿವಾಚಕನೊಬ್ಬನ ದೃಶ್ಯಗಳನ್ನು ಹೊಸದಾಗಿ ಸೇರಿಸಲಾಯಿತು. ಇದರಿಂದಾಗಿ ಸೆಕಿಜಾವಾ ಅವರ ವಿಡಂಬನೆ ಇಂಗ್ಲಿಷ್ ಪ್ರೇಕ್ಷಕರಿಗೆ ಬಹುಕಾಲ ಸರಿಯಾಗಿ ತಲುಪಲಿಲ್ಲ. ದೈತ್ಯರ ಕಾದಾಟವಷ್ಟೇ ಉಳಿಯಿತು.

1963–1965ರ ಚಿತ್ರಗಳು

ಶುನ್ರೋ ಒಶಿಕಾವಾ ಅವರು 1900ರಲ್ಲಿ ಬರೆದ ಸಾಹಸ ಕಾದಂಬರಿಯನ್ನು ಆಧರಿಸಿದ 'ಸಮುದ್ರತಳದ ಯುದ್ಧನೌಕೆ' 1963ರ ಡಿಸೆಂಬರ್‌ನಲ್ಲಿ ತೆರೆಗೆ ಬಂದಿತು. ಇಂಗ್ಲಿಷ್‌ನಲ್ಲಿ ಇದು 'ಅಟ್ರಾಗಾನ್' ಎಂದು ಪ್ರಸಿದ್ಧ. ಮೂಲ ಕಾದಂಬರಿ ಜಪಾನಿನ ನೌಕಾಶಕ್ತಿಯನ್ನು ಕೊಂಡಾಡುವ ಕಾಲದ್ದು. ಸೆಕಿಜಾವಾ ಅದನ್ನು ಯುದ್ಧಾನಂತರದ ಪ್ರಶ್ನೆಯಾಗಿ ಮಾರ್ಪಡಿಸಿದರು. ನೌಕಾಧಿಕಾರಿ ಜಿಂಗುಜಿ 1945ರ ಸೋಲನ್ನು ಒಪ್ಪಿಕೊಳ್ಳದೆ, ದೂರದ ದ್ವೀಪದಲ್ಲಿ ತನ್ನ ಸೈನಿಕರೊಂದಿಗೆ ಸುಮಾರು ಎರಡು ದಶಕ ಅಡಗಿದ್ದು ಹಾರಬಲ್ಲ ಜಲಾಂತರ್ಗಾಮಿಯೊಂದನ್ನು ಕಟ್ಟಿದ್ದಾನೆ. ಸಮುದ್ರದಡಿಯ ಮು ಸಾಮ್ರಾಜ್ಯವು ತನ್ನ ಹಳೆಯ ವಸಾಹತುಗಳು ಮರಳಬೇಕೆಂದು ಜಗತ್ತನ್ನು ಬೆದರಿಸಿದಾಗ, ಅದರ ವಿರುದ್ಧ ನೌಕೆಯನ್ನು ಬಳಸಲು ಅವನು ನಿರಾಕರಿಸುತ್ತಾನೆ. ಅದು ಜಪಾನ್ ಸಾಮ್ರಾಜ್ಯದ ಪುನಃಸ್ಥಾಪನೆಗೆ ಮಾತ್ರ ಎಂಬುದು ಅವನ ಹಠ. ತಾನು ಬಿಟ್ಟುಹೋಗಿದ್ದ ಮಗಳ ಎದುರು ಆ ಹಠ ಕರಗುತ್ತದೆ. ಅಂತ್ಯದಲ್ಲಿ ಮು ಸಾಮ್ರಾಜ್ಞಿ ಉರಿಯುತ್ತಿರುವ ತನ್ನ ರಾಜ್ಯದ ಕಡೆಗೆ ಸಮುದ್ರಕ್ಕೆ ಧುಮುಕುತ್ತಾಳೆ. ಜಿಂಗುಜಿ ಅವಳನ್ನು ತಡೆಯುವುದಿಲ್ಲ. ಅಳಿದ ಸಾಮ್ರಾಜ್ಯಕ್ಕೆ ಅಂಟಿಕೊಂಡವರ ಗತಿಯನ್ನು ಚಿತ್ರವು ಎರಡೂ ಕಡೆಯಿಂದ ತೋರಿಸುತ್ತದೆ.

1964ರ ಏಪ್ರಿಲ್‌ನಲ್ಲಿ ಬಂದ 'ಮೋತ್ರಾ ವಿರುದ್ಧ ಗಾಡ್ಜಿಲ್ಲಾ' ಸರಣಿಯ ಅತ್ಯುತ್ತಮ ಚಿತ್ರಗಳಲ್ಲಿ ಒಂದೆಂದು ಪರಿಗಣಿತವಾಗಿದೆ. ಬಿರುಗಾಳಿಗೆ ಸಿಕ್ಕಿ ಕಡಲತೀರಕ್ಕೆ ತೇಲಿಬಂದ ಮೋತ್ರಾದ ಬೃಹತ್ ಮೊಟ್ಟೆಯನ್ನು ಕುಮಾಯಾಮಾ ಎಂಬ ವ್ಯಾಪಾರಿ ಬೆಸ್ತರಿಂದ ಕೊಂಡುಕೊಳ್ಳುತ್ತಾನೆ. ಕೋಳಿಮೊಟ್ಟೆಗಳ ದರದಲ್ಲಿ ಲೆಕ್ಕಹಾಕಿ ಅದರ ಬೆಲೆ ಕಟ್ಟಲಾಗುತ್ತದೆ. ಮೊಟ್ಟೆಯ ಸುತ್ತ ಮನರಂಜನಾ ಉದ್ಯಾನ ಕಟ್ಟುವುದು ಅವನ ಮತ್ತು ಅವನ ಹಿಂದಿರುವ ಹಣವಂತ ತೊರಾಹಾತಾನ ಯೋಜನೆ. ಮೊಟ್ಟೆಯನ್ನು ಹಿಂದಿರುಗಿಸಿರೆಂದು ಅವಳಿ ಸ್ತ್ರೀಯರು ಬಂದು ಬೇಡಿದರೆ, ಅವರನ್ನೂ ಕೊಂಡುಕೊಳ್ಳಲು ನೋಡುತ್ತಾರೆ. ಬಳಿಕ ಗಾಡ್ಜಿಲ್ಲಾ ಕಾಣಿಸಿಕೊಂಡಾಗ, ಜಪಾನೀಯರೇ ಇನ್‌ಫೆಂಟ್ ದ್ವೀಪಕ್ಕೆ ಹೋಗಿ ಮೋತ್ರಾದ ನೆರವು ಯಾಚಿಸಬೇಕಾಗುತ್ತದೆ. ಅಣುಪರೀಕ್ಷೆಯಿಂದ ಬರಡಾದ ನೆಲದಲ್ಲಿ ಬದುಕುತ್ತಿರುವ ದ್ವೀಪವಾಸಿಗಳು ಮೊದಲು ಒಪ್ಪುವುದಿಲ್ಲ. ಅನ್ಯಾಯಕ್ಕೊಳಗಾದವರಿಂದ ಸಹಾಯ ಕೇಳುವ ಹಕ್ಕು ಯಾರಿಗಿದೆ ಎಂಬ ಪ್ರಶ್ನೆಯೇ ಈ ಚಿತ್ರದ ನಡುಬಿಂದು. ತೊರಾಹಾತಾ ಮತ್ತು ಕುಮಾಯಾಮಾ ಹಣಕ್ಕಾಗಿ ಹೊಡೆದಾಡಿಕೊಂಡು ನಾಶವಾಗುತ್ತಾರೆ.

ಅದೇ ವರ್ಷದ ಡಿಸೆಂಬರ್‌ನಲ್ಲಿ ಬಂದ 'ಮೂರು ತಲೆಯ ದೈತ್ಯ ಘಿಡೋರಾ' ಗಾಡ್ಜಿಲ್ಲಾದ ಸ್ವಭಾವವನ್ನೇ ಬದಲಿಸಿತು. ಬಾಹ್ಯಾಕಾಶದಿಂದ ಬಂದ ಕಿಂಗ್ ಘಿಡೋರಾ ಭೂಮಿಯನ್ನು ನಾಶಪಡಿಸತೊಡಗಿದಾಗ, ಒಂದುಗೂಡಿ ಹೋರಾಡೋಣವೆಂದು ಮೋತ್ರಾ ಮರಿಹುಳು ಗಾಡ್ಜಿಲ್ಲಾ ಮತ್ತು ರೊಡಾನ್‌ಗಳನ್ನು ಒಪ್ಪಿಸಲು ಯತ್ನಿಸುತ್ತದೆ. ಅವುಗಳ ಮಾತನ್ನು ಅವಳಿ ಸ್ತ್ರೀಯರು ಮನುಷ್ಯರಿಗೆ ಅನುವಾದಿಸುತ್ತಾರೆ. ತಮ್ಮನ್ನು ಸದಾ ಹಿಂಸಿಸುವ ಮನುಷ್ಯರನ್ನು ತಾವೇಕೆ ಕಾಪಾಡಬೇಕೆಂದು ಅವೆರಡೂ ತಕರಾರು ತೆಗೆಯುತ್ತವೆ. ಮೋತ್ರಾ ಒಂಟಿಯಾಗಿ ಯುದ್ಧಕ್ಕೆ ಹೊರಟದ್ದನ್ನು ಕಂಡ ಮೇಲೆ ಮಾತ್ರ ಜೊತೆಗೂಡುತ್ತವೆ. ನಗೆ ತರಿಸುವ ಈ ದೃಶ್ಯದಿಂದ ಗಾಡ್ಜಿಲ್ಲಾ ನಾಶಕನ ಪಾತ್ರದಿಂದ ರಕ್ಷಕನ ಪಾತ್ರಕ್ಕೆ ಹೊರಳಿತು.

ಅಮೆರಿಕದ ಯುಪಿಎ ಸಂಸ್ಥೆಯ ಸಹಭಾಗಿತ್ವದಲ್ಲಿ ತಯಾರಾದ 'ದೈತ್ಯಗಳ ಮಹಾಯುದ್ಧ' (1965) ಚಿತ್ರದಲ್ಲಿ ಎಕ್ಸ್ ಗ್ರಹದ ನಿವಾಸಿಗಳು ಗಾಡ್ಜಿಲ್ಲಾ ಮತ್ತು ರೊಡಾನ್‌ಗಳನ್ನು ಎರವಲು ಕೇಳುತ್ತಾರೆ. ಪ್ರತಿಯಾಗಿ ಕ್ಯಾನ್ಸರ್‌ಗೆ ಮದ್ದು ಕೊಡುವ ಆಶ್ವಾಸನೆ ನೀಡುತ್ತಾರೆ. ಅದು ಮೋಸವೆಂದು ನಂತರ ತಿಳಿಯುತ್ತದೆ. ಆ ಗ್ರಹದಲ್ಲಿ ಎಲ್ಲವನ್ನೂ ಗಣಕಯಂತ್ರಗಳು ನಿರ್ಧರಿಸುತ್ತವೆ. ಅಂಥವರನ್ನು ಸೋಲಿಸುವುದು ಯಾವ ಮಹಾಸ್ತ್ರವೂ ಅಲ್ಲ. ಯಾರೂ ಬೆಲೆ ಕೊಡದ ಬಡ ಸಂಶೋಧಕನೊಬ್ಬ ತಯಾರಿಸಿದ, ಕಿವಿಗಡಚಿಕ್ಕುವ ಸದ್ದು ಮಾಡುವ ಪುಟ್ಟ ಸಾಧನ.

ಬರವಣಿಗೆಯ ರೀತಿ

ತೋಹೊ ಸಂಸ್ಥೆಯ ಈ ಬಗೆಯ ಚಿತ್ರಗಳು ಎರಡು ಪ್ರತ್ಯೇಕ ತಂಡಗಳಿಂದ ತಯಾರಾಗುತ್ತಿದ್ದವು. ನಟರಿರುವ ದೃಶ್ಯಗಳನ್ನು ಹೊಂಡಾ ಅಥವಾ ಫುಕುದಾ ಅವರಂಥ ನಿರ್ದೇಶಕರೂ, ದೈತ್ಯಗಳ ವೇಷ ಮತ್ತು ಕಿರುಮಾದರಿಗಳನ್ನು ಬಳಸಿದ ದೃಶ್ಯಗಳನ್ನು ತ್ಸುಬುರಾಯಾ ಅವರ ತಂಡವೂ ಚಿತ್ರೀಕರಿಸುತ್ತಿದ್ದವು. ಇವೆರಡನ್ನೂ ಒಂದೇ ಕಥೆಯಾಗಿ ಹೆಣೆಯುವುದು ಚಿತ್ರಕಥೆಗಾರನ ಹೊಣೆ. ಸೆಕಿಜಾವಾ ಪತ್ರಕರ್ತ, ಛಾಯಾಗ್ರಾಹಕಿ, ಪತ್ತೇದಾರ, ಸಂಶೋಧಕ, ವ್ಯಂಗ್ಯಚಿತ್ರಕಾರರಂಥ ಸಾಮಾನ್ಯ ವೃತ್ತಿಯವರನ್ನು ಕಥೆಯ ಕೇಂದ್ರದಲ್ಲಿ ಇರಿಸಿದರು. ಇವರು ಸುದ್ದಿಯನ್ನೋ ಒಂದು ರಹಸ್ಯವನ್ನೋ ಬೆನ್ನಟ್ಟಿ ಹೋಗುತ್ತಾ ದೈತ್ಯನ ಎದುರು ಬಂದು ನಿಲ್ಲುತ್ತಾರೆ. ಇದರಿಂದ ದೈತ್ಯಗಳಿಲ್ಲದ ದೃಶ್ಯಗಳಲ್ಲಿಯೂ ಕಥೆ ಕುಂಠಿತವಾಗುವುದಿಲ್ಲ.

ಇದೇ ಪ್ರಕಾರದ ಇನ್ನೊಬ್ಬ ಪ್ರಮುಖ ಲೇಖಕರಾದ ತಕೆಶಿ ಕಿಮುರಾ ಅವರೊಡನೆ ಸೆಕಿಜಾವಾ ಅವರನ್ನು ವಿಮರ್ಶಕರು ಹೋಲಿಸುವುದುಂಟು. 'ರೊಡಾನ್' (1956) ಮತ್ತು 'ಮತಾಂಗೊ' (1963) ಮುಂತಾದ ಚಿತ್ರಗಳನ್ನು ಬರೆದ ಕಿಮುರಾ ಅವರ ಲೋಕ ಗಂಭೀರವಾದದ್ದು, ವಿಷಾದ ತುಂಬಿದ್ದು. ಸೆಕಿಜಾವಾ ಅವರ ಲೋಕದಲ್ಲಿ ಹಾಸ್ಯವಿದೆ; ತಪ್ಪು ಮಾಡಿದವರಿಗೆ ತಿದ್ದಿಕೊಳ್ಳುವ ಅವಕಾಶವಿದೆ. ಹೊಂಡಾ ಅವರು ಇಬ್ಬರ ಚಿತ್ರಕಥೆಗಳನ್ನೂ ನಿರ್ದೇಶಿಸಿದ್ದರಿಂದ ತೋಹೊ ಚಿತ್ರಗಳಲ್ಲಿ ಈ ಎರಡು ಧಾರೆಗಳು ಜೊತೆಜೊತೆಯಾಗಿ ಹರಿದವು.

ಸೆಕಿಜಾವಾ ಅವರ ಹಾಸ್ಯವು ಗಾಡ್ಜಿಲ್ಲಾದ ಮೂಲ ಗಾಂಭೀರ್ಯವನ್ನು ಹಗುರಗೊಳಿಸಿತು ಎಂಬ ಆಕ್ಷೇಪವೂ ಇದೆ. 1954ರ ಚಿತ್ರದಲ್ಲಿದ್ದ ಶೋಕ ಮತ್ತು ಭಯ 1960ರ ದಶಕದ ಚಿತ್ರಗಳಲ್ಲಿ ಅದೇ ತೀವ್ರತೆಯಿಂದ ಕಾಣುವುದಿಲ್ಲ. ಆದರೆ ಆ ದಶಕದ ಜಪಾನ್ ಕ್ಷಿಪ್ರ ಆರ್ಥಿಕ ಬೆಳವಣಿಗೆಯ ಹಾದಿಯಲ್ಲಿದ್ದ ಬೇರೆಯದೇ ಸಮಾಜವಾಗಿತ್ತು. ಹಣ, ಜಾಹೀರಾತು ಮತ್ತು ಭೂಮಿಯ ವ್ಯಾಪಾರ ಅದರ ಹೊಸ ದೈತ್ಯಗಳಾಗಿದ್ದವು ಎಂಬುದನ್ನು ಇವರ ಕಥೆಗಳು ಗುರುತಿಸಿದವು ಎಂದು ಬೆಂಬಲಿಗರು ವಾದಿಸುತ್ತಾರೆ.

ನಂತರದ ಚಿತ್ರಗಳು

ಜಪಾನಿನ ಚಿತ್ರಮಂದಿರಗಳಿಗೆ 1958ರಲ್ಲಿ ಸುಮಾರು 112 ಕೋಟಿ ಟಿಕೆಟುಗಳು ಮಾರಾಟವಾಗಿದ್ದವು. 1970ರ ವೇಳೆಗೆ ಆ ಸಂಖ್ಯೆ ಸುಮಾರು 25 ಕೋಟಿಗೆ ಇಳಿಯಿತು. ಈ ಕುಸಿತ ದೈತ್ಯಪ್ರಾಣಿ ಚಿತ್ರಗಳ ಮೇಲೂ ನೇರ ಪರಿಣಾಮ ಬೀರಿತು. ನಗರಗಳ ಕಿರುಮಾದರಿಗಳನ್ನು ಕಟ್ಟಿ ಕೆಡವುವುದು ದುಬಾರಿ ಕೆಲಸವಾದ್ದರಿಂದ ಕಥೆಗಳು ದ್ವೀಪಗಳಿಗೆ ಸ್ಥಳಾಂತರಗೊಂಡವು. 1966ರ ಸಮುದ್ರ ಸಾಹಸದ ಚಿತ್ರದಲ್ಲಿ ಗಾಡ್ಜಿಲ್ಲಾ ಎಬಿರಾ ಎಂಬ ಬೃಹತ್ ಸೀಗಡಿಯನ್ನು ಎದುರಿಸುತ್ತದೆ. ಇದನ್ನು ಮೊದಲು ಕಿಂಗ್ ಕಾಂಗ್‌ಗಾಗಿ ಯೋಜಿಸಲಾಗಿತ್ತು. ಇನ್‌ಫೆಂಟ್ ದ್ವೀಪದ ಜನರನ್ನು ಗುಲಾಮರನ್ನಾಗಿ ದುಡಿಸಿಕೊಳ್ಳುವ ರಹಸ್ಯ ಸಂಘಟನೆಯೊಂದು ಇಲ್ಲಿ ಖಳನ ಸ್ಥಾನದಲ್ಲಿದೆ. ಕಝುಎ ಶಿಬಾ ಅವರೊಡನೆ ಬರೆದ 'ಗಾಡ್ಜಿಲ್ಲಾದ ಮಗ' (1967) ಹವಾಮಾನ ನಿಯಂತ್ರಣದ ಪ್ರಯೋಗ ನಡೆಸುವ ವಿಜ್ಞಾನಿಗಳ ಕಥೆ.

1969ರ ಡಿಸೆಂಬರ್‌ನಲ್ಲಿ ಬಂದ 'ಎಲ್ಲ ದೈತ್ಯಗಳ ದಾಳಿ' ಮಕ್ಕಳಿಗಾಗಿ ತೋಹೊ ಆರಂಭಿಸಿದ ರಜಾಕಾಲದ ಚಿತ್ರೋತ್ಸವದ ಮೊದಲ ಚಿತ್ರ. ವೆಚ್ಚ ಉಳಿಸಲು ಹಿಂದಿನ ಚಿತ್ರಗಳ ಕಾದಾಟದ ದೃಶ್ಯಗಳನ್ನೇ ಇದರಲ್ಲಿ ಬಹಳಷ್ಟು ಬಳಸಲಾಯಿತು. ಈ ಇಕ್ಕಟ್ಟಿಗೆ ಸೆಕಿಜಾವಾ ಕಥೆಯಲ್ಲಿಯೇ ಕಾರಣ ಒದಗಿಸಿದರು. ಕೈಗಾರಿಕಾ ನಗರ ಕವಾಸಾಕಿಯಲ್ಲಿ ವಾಸಿಸುವ ಬಾಲಕ ಇಚಿರೋನ ತಂದೆತಾಯಿ ಇಬ್ಬರೂ ದುಡಿಯಲು ಹೋಗುತ್ತಾರೆ. ಶಾಲೆಯಿಂದ ಬಂದು ಬೀಗ ತೆಗೆದು ಒಂಟಿಯಾಗಿ ಕಾಲ ಕಳೆಯುವ ಅವನನ್ನು ಪುಂಡ ಹುಡುಗರು ಪೀಡಿಸುತ್ತಾರೆ. ಅವನು ಕನಸಿನಲ್ಲಿ ದೈತ್ಯಗಳ ದ್ವೀಪಕ್ಕೆ ಹೋಗಿ, ತನ್ನಂತೆಯೇ ಅಂಜುವ ಗಾಡ್ಜಿಲ್ಲಾ ಮರಿಯಿಂದ ಧೈರ್ಯ ಕಲಿಯುತ್ತಾನೆ. ಇಡೀ ಚಿತ್ರದಲ್ಲಿ ದೈತ್ಯಗಳು ಬಾಲಕನ ಕಲ್ಪನೆಯಲ್ಲಿ ಮಾತ್ರ ಇರುತ್ತವೆ. ಹಳೆಯ ದೃಶ್ಯಗಳ ಮರುಬಳಕೆಗಾಗಿ ಟೀಕೆಗೊಳಗಾದ ಈ ಚಿತ್ರವು, ಹೊಗೆ ಕವಿದ ನಗರದ ಒಂಟಿ ಬಾಲ್ಯದ ಚಿತ್ರಣಕ್ಕಾಗಿ ನಂತರದ ವರ್ಷಗಳಲ್ಲಿ ಮೆಚ್ಚುಗೆಯನ್ನೂ ಪಡೆಯಿತು.

'ಗಾಡ್ಜಿಲ್ಲಾ ವಿರುದ್ಧ ಗಿಗಾನ್' (1972) ಗಾಡ್ಜಿಲ್ಲಾ ಸರಣಿಗೆ ಇವರು ಬರೆದ ಕೊನೆಯ ಚಿತ್ರಕಥೆ. ಇದರ ನಾಯಕ ಕೆಲಸ ಹುಡುಕುತ್ತಿರುವ ವ್ಯಂಗ್ಯಚಿತ್ರಕಾರ. ಅವನಿಗೆ ಕೆಲಸ ಕೊಟ್ಟ ಮಕ್ಕಳ ಉದ್ಯಾನದ ಆಡಳಿತಗಾರರು ವಾಸ್ತವವಾಗಿ ಮನುಷ್ಯರೂಪ ತಳೆದ ಜಿರಳೆಗಳು. ಅವರ ಗ್ರಹದಲ್ಲಿ ಮನುಷ್ಯರಂಥ ಜೀವಿಗಳು ಮಾಲಿನ್ಯದಿಂದ ತಮ್ಮನ್ನು ತಾವೇ ಅಳಿಸಿಕೊಂಡಿದ್ದರು. ಉಳಿದದ್ದು ಜಿರಳೆಗಳು ಮಾತ್ರ. ಮಿನಮಾತಾದ ಪಾದರಸ ವಿಷಪ್ರಾಶನ ಮತ್ತು ಯೊಕ್ಕಾಯಿಚಿಯ ಕಲುಷಿತ ಗಾಳಿಯ ವಿಚಾರ ಜಪಾನಿನ ನ್ಯಾಯಾಲಯಗಳಲ್ಲಿದ್ದ ಕಾಲವದು. ಇದಾದ ಬಳಿಕ 'ಗಾಡ್ಜಿಲ್ಲಾ ವಿರುದ್ಧ ಮೆಗಾಲಾನ್' (1973) ಚಿತ್ರಕ್ಕೆ ಮೂಲಕಥೆಯನ್ನೂ, ಮಸಾಮಿ ಫುಕುಶಿಮಾ ಅವರೊಡನೆ 'ಗಾಡ್ಜಿಲ್ಲಾ ವಿರುದ್ಧ ಮೆಕಾಗಾಡ್ಜಿಲ್ಲಾ' (1974) ಚಿತ್ರದ ಮೂಲಕಥೆಯನ್ನೂ ಸೆಕಿಜಾವಾ ನೀಡಿದರು.

ಅನಿಮೇಷನ್ ಚಿತ್ರಗಳು

ತೋಯೆಯ್ ಸಂಸ್ಥೆಯ 'ಗಲಿವರನ ಅಂತರಿಕ್ಷ ಯಾತ್ರೆ' (1965) ಎಂಬ ಪೂರ್ಣಪ್ರಮಾಣದ ಅನಿಮೇಷನ್ ಚಿತ್ರಕ್ಕೆ ಸೆಕಿಜಾವಾ ಚಿತ್ರಕಥೆ ಬರೆದರು. ಅನಾಥ ಬಾಲಕನೊಬ್ಬ ವೃದ್ಧ ಗಲಿವರನೊಡನೆ ದೂರದ ನಕ್ಷತ್ರಕ್ಕೆ ಪಯಣಿಸುವುದು ಇದರ ಕಥೆ. ಯಂತ್ರಮಾನವರ ಲೋಕದ ರಾಜಕುಮಾರಿಯ ಯಾಂತ್ರಿಕ ಕವಚ ಒಡೆದು ಒಳಗಿನಿಂದ ಮನುಷ್ಯ ಹುಡುಗಿ ಹೊರಬರುವ ಅಂತ್ಯವನ್ನು ಸೂಚಿಸಿದವರು, ಆಗ ಆ ಸಂಸ್ಥೆಯಲ್ಲಿ ಕಿರಿಯ ಚಿತ್ರಕಾರರಾಗಿದ್ದ ಹಯಾವೊ ಮಿಯಾಝಾಕಿ. ಮುಂದೆ ಅವರು ವಿಶ್ವವಿಖ್ಯಾತ ನಿರ್ದೇಶಕರಾದರು. ಸುಸುಮು ತಕಾಕು ಅವರೊಡನೆ 'ಬಾಲಕ ಜ್ಯಾಕ್ ಮತ್ತು ಮಾಂತ್ರಿಕಿ' (1967) ಚಿತ್ರವನ್ನೂ ಸೆಕಿಜಾವಾ ಬರೆದರು.

ಗೀತರಚನೆ ಮತ್ತು ಇತರ ಆಸಕ್ತಿಗಳು

ಜಪಾನಿನ ಜನಸಾಮಾನ್ಯರಲ್ಲಿ ಅನೇಕರು ಸೆಕಿಜಾವಾ ಅವರನ್ನು ಬಲ್ಲದ್ದು ಗೀತರಚನಕಾರರಾಗಿ. ಮಸಾವೊ ಕೊಗಾ ಅವರ ಸಂಗೀತದಲ್ಲಿ ಹಿಬಾರಿ ಮಿಸೊರಾ 1964ರಲ್ಲಿ ಹಾಡಿದ 'ಯವಾರಾ' ಎಂಬ ಗೀತೆ ಇವರ ರಚನೆ. ಜೂಡೊ ಕುಸ್ತಿಪಟುವಿನ ಮನೋಬಲವನ್ನು ಕುರಿತ ಈ ಹಾಡು, ಟೋಕಿಯೋ ಒಲಿಂಪಿಕ್ಸ್‌ನಲ್ಲಿ ಜೂಡೊ ಮೊದಲ ಬಾರಿಗೆ ಸೇರ್ಪಡೆಯಾದ ವರ್ಷದಲ್ಲಿ ಹೊರಬಂದು ಅಪಾರ ಜನಪ್ರಿಯತೆ ಗಳಿಸಿತು. 1965ರ ಜಪಾನ್ ರೆಕಾರ್ಡ್ ಪ್ರಶಸ್ತಿಯನ್ನೂ ಪಡೆಯಿತು. ಹರುಮಿ ಮಿಯಾಕೊ 1965ರಲ್ಲಿ ಹಾಡಿದ, ದೋಣಿಯಲ್ಲಿ ದೂರ ಸಾಗುವವರ ಅಗಲಿಕೆಯನ್ನು ಕುರಿತ 'ನಮಿದಾ ನೊ ರೆನ್ರಾಕುಸೆನ್' ಗೀತೆಯನ್ನು ಬರೆದವರೂ ಇವರೇ. ಜಪಾನಿನ ಹಳಿಗಳಿಂದ ಕಣ್ಮರೆಯಾಗುತ್ತಿದ್ದ ಉಗಿಬಂಡಿಗಳ ಛಾಯಾಚಿತ್ರ ತೆಗೆಯುವುದು ಇವರ ಮೆಚ್ಚಿನ ಹವ್ಯಾಸವಾಗಿತ್ತು.

ನಿಧನ ಮತ್ತು ಪ್ರಭಾವ

ಸೆಕಿಜಾವಾ 1992ರ ನವೆಂಬರ್ 19ರಂದು ನಿಧನರಾದರು. ಮೂರು ವಾರಗಳ ಬಳಿಕ, ಡಿಸೆಂಬರ್ 12ರಂದು, ಕಝುಕಿ ಒಮೊರಿ ಅವರ ಚಿತ್ರಕಥೆಯಿದ್ದ 'ಗಾಡ್ಜಿಲ್ಲಾ ವಿರುದ್ಧ ಮೋತ್ರಾ' ತೆರೆಕಂಡಿತು. ದೂರದ ದ್ವೀಪದಲ್ಲಿ ಸಿಕ್ಕ ಮೊಟ್ಟೆಯನ್ನು ಪ್ರಚಾರಕ್ಕಾಗಿ ತರಲು ಹೊರಟ ಕಂಪನಿ ಮತ್ತು ಪುಟ್ಟ ಅವಳಿ ಸ್ತ್ರೀಯರು ಆ ಚಿತ್ರದಲ್ಲಿಯೂ ಇದ್ದಾರೆ. 1996ರಿಂದ 1998ರವರೆಗೆ ಮೋತ್ರಾವನ್ನೇ ನಾಯಕಸ್ಥಾನದಲ್ಲಿರಿಸಿದ ಮೂರು ಚಿತ್ರಗಳು ಬಂದವು.

ಹಾಲಿವುಡ್‌ನ 'ಗಾಡ್ಜಿಲ್ಲಾ: ಕಿಂಗ್ ಆಫ್ ದಿ ಮಾನ್‌ಸ್ಟರ್ಸ್' (2019) ಚಿತ್ರದಲ್ಲಿ ಗಾಡ್ಜಿಲ್ಲಾ, ಮೋತ್ರಾ, ರೊಡಾನ್ ಮತ್ತು ಕಿಂಗ್ ಘಿಡೋರಾಗಳನ್ನು ಒಟ್ಟುಗೂಡಿಸಲಾಯಿತು. ಈ ನಾಲ್ಕನ್ನೂ ಒಂದೇ ಕಥೆಯಲ್ಲಿ ಮೊದಲು ತಂದದ್ದು ಸೆಕಿಜಾವಾ ಅವರ 1964ರ ಚಿತ್ರಕಥೆ. 2021ರ 'ಗಾಡ್ಜಿಲ್ಲಾ ವರ್ಸಸ್ ಕಾಂಗ್' ಚಿತ್ರದ ಮುಖಾಮುಖಿಯ ಹಿಂದೆಯೂ 1962ರ ಚಿತ್ರವಿದೆ. ದೈತ್ಯಗಳು ಪರಸ್ಪರ ಪರಿಚಿತರಾಗಿ, ಒಂದೇ ಲೋಕದಲ್ಲಿ ಬಾಳುತ್ತಾ, ಕೆಲವೊಮ್ಮೆ ಕಾದಾಡಿ ಕೆಲವೊಮ್ಮೆ ಕೈಜೋಡಿಸುವ ಕಥಾಕ್ರಮವನ್ನು ರೂಪಿಸಿದವರಲ್ಲಿ ಸೆಕಿಜಾವಾ ಮೊದಲಿಗರ ಸಾಲಿನಲ್ಲಿ ನಿಲ್ಲುತ್ತಾರೆ.

ಆಯ್ದ ಚಿತ್ರಗಳು

- 'ವರಾನ್' (1958)
- 'ಅಂತರಿಕ್ಷದ ಮಹಾಯುದ್ಧ' (1959)
- 'ವಿದ್ಯುತ್ ಪ್ರಸಾರದ ಮನುಷ್ಯ' (1960)
- 'ಮೋತ್ರಾ' (1961)
- 'ಕಿಂಗ್ ಕಾಂಗ್ ವಿರುದ್ಧ ಗಾಡ್ಜಿಲ್ಲಾ' (1962)
- 'ಸಮುದ್ರತಳದ ಯುದ್ಧನೌಕೆ' (1963)
- 'ಮೋತ್ರಾ ವಿರುದ್ಧ ಗಾಡ್ಜಿಲ್ಲಾ' (1964)
- 'ಮೂರು ತಲೆಯ ದೈತ್ಯ ಘಿಡೋರಾ' (1964)
- 'ಗಲಿವರನ ಅಂತರಿಕ್ಷ ಯಾತ್ರೆ' (1965)
- 'ದೈತ್ಯಗಳ ಮಹಾಯುದ್ಧ' (1965)
- 'ಗಾಡ್ಜಿಲ್ಲಾದ ಮಗ' (1967, ಕಝುಎ ಶಿಬಾ ಅವರೊಡನೆ)
- 'ಎಲ್ಲ ದೈತ್ಯಗಳ ದಾಳಿ' (1969)
- 'ಗಾಡ್ಜಿಲ್ಲಾ ವಿರುದ್ಧ ಗಿಗಾನ್' (1972)